ಗಂಧರ್ವ ಡಿಸೈನ್

ಆರೋಗ್ಯಸ್ವಾಮಿ: ಆಗಲ್ಲ ಸಾವ್ಕಾರ್ರೇ. ಬೇರೆ ಏನ್ ಬೇಕಾದ್ರೂ ಹೇಳಿ, ಮಾಡ್ತೀನಿ. ಇದೊಂದು ಮಾತ್ರ ನನ್ ಕೈಲಿ ಆಗಲ್ಲ.

ಮುರುಗೇಶಪ್ಪ: ಯಾಕಯ್ಯಾ ಆಗಲ್ಲ? ಗೋಡೆ ಇದೆ, ಬಣ್ಣ ಇದೆ, ಬ್ರಷ್ ನಿನ್ ಕೈಯಲ್ಲೇ ಇದೆ. ಒಂದ್ ಕೋಟ್ ಎಳೆದ್ರೆ ಮುಗೀತು!

ಆರೋಗ್ಯಸ್ವಾಮಿ: ಏನ್ ಮುಗೀತು? ಶಿಲುಬೆ ಮೇಲೆ ಬಣ್ಣ ಬಳಿದು ಭದ್ರಾವತಿಗೆ ಹೋಗಿ ನಮ್ ಫಾದರ್ ಮುಖ ಹೆಂಗ್ ನೋಡ್ಲಿ? ನಮ್ಮವಳಿಗೆ ಗೊತ್ತಾದ್ರೆ ಅನ್ನಾನೂ ಹಾಕಲ್ಲ.

ಮುರುಗೇಶಪ್ಪನವರು ಹಣೆ ಚಚ್ಚಿಕೊಂಡರು. ಶಿವಮೊಗ್ಗದ ಗಾಂಧಿ ಬಜಾರಿನಲ್ಲಿ ಬಟ್ಟೆ ಅಂಗಡಿ ಇಟ್ಟು ತಲೆ ಹಣ್ಣಾದ ಮನುಷ್ಯ. ಗಿರಾಕಿ ಹೊಸಿಲು ದಾಟುವ ಮೊದಲೇ ಅವನಿಗೆ ಪಂಚೆ ಬೇಕೋ ಲುಂಗಿ ಬೇಕೋ ಹೇಳಬಲ್ಲವರು. ಅಂಥ ಜಾಣರು ಗೋಡೆ ಮೇಲಿನ ಶಿಲುಬೆ ಅಳಿಸಲು ಊರಿನ ಪೇಂಟರುಗಳನ್ನೆಲ್ಲ ಬಿಟ್ಟು, ಭದ್ರಾವತಿಯಿಂದ ಒಬ್ಬ ಕ್ರೈಸ್ತನನ್ನೇ ಕರೆಸಿದ್ದರು! ಆರೋಗ್ಯಸ್ವಾಮಿ ಅಲ್ಲಿನ ಉಕ್ಕಿನ ಕಾರ್ಖಾನೆಯ ಪೇಂಟ್ ಸೆಕ್ಷನ್ನಿನಲ್ಲಿ ದುಡಿದು ನಿವೃತ್ತನಾದವನು. ಇವರ ಅಂಗಡಿಯ ಬೋರ್ಡು ಬರೆದವನೂ ಅವನೇ, ಫೋನ್ ಮಾಡಿದರೆ ಸಾಕು ಬಸ್ ಹತ್ತುವವನು. ಅವನ ಧರ್ಮ ಯಾವುದೆಂದು ನೆನಪು ಮಾಡಿಕೊಳ್ಳುವ ಪ್ರಸಂಗ ಇಷ್ಟು ವರ್ಷ ಬಂದಿರಲಿಲ್ಲ. ಬಂದದ್ದು ಇವತ್ತು, ಮಠದ ಸ್ವಾಮಿಗಳು ಸಂಜೆ ಮನೆಗೆ ಪಾದಪೂಜೆಗೆ ಬರುವ ದಿನ.

ಹಾಲ್‌ನ ಗೋಡೆ ತುಂಬ ಒಬ್ಬಳು ಕನ್ಯಾಸ್ತ್ರೀ ನಿಂತಿದ್ದಳು. ಕಪ್ಪು ನಿಲುವಂಗಿ, ಹಣೆಗೆ ಬಿಳಿ ಪಟ್ಟಿ, ಕೋಡುಬಳೆಯಷ್ಟು ದೊಡ್ಡ ಕಣ್ಣು, ಬೆನ್ನಿಗೆ ಆರು ರೆಕ್ಕೆ, ಕೈಯಲ್ಲಿ ಆಳುದ್ದದ ಕತ್ತಿ. ಅವಳ ಹಿಂದೆ ಸೂರು ಮುಟ್ಟುವ, ಧಗಧಗ ಉರಿಯುವ ಶಿಲುಬೆ. ಅದರ ಬುಡದಲ್ಲೇ ಸ್ವಾಮಿಗಳು ಕೂರಬೇಕಾದ ಪೀಠ.

ಮುರುಗೇಶಪ್ಪ: ಶಾಂಭವೀ! ಬಾ ಇಲ್ಲಿ. ಯಾರೇ ಇವಳು?

ಶಾಂಭವಿ: ಎಷ್ಟ್ ಸಲ ಹೇಳ್ಲಿ ಅಪ್ಪಾಜಿ? ಇದು ಅನಿಮೆ ಸ್ಟೈಲು. ಜಪಾನಿನ ಕಾರ್ಟೂನು.

ಮುರುಗೇಶಪ್ಪ: ನಾನ್ ಹೇಳಿದ್ದೇನು? ಸ್ವಾಮಿಗಳು ಬರ್ತಾರೆ, ಗೋಡೆ ಬೋಳಾಗಿದೆ, ಏನಾದ್ರೂ ದೈವಿಕವಾಗಿ ಬರಿ ಅಂದೆ.

ಶಾಂಭವಿ: ಹೂಂ. ಆದ್ರೆ ಎಲ್ಲರ ಮನೇಲಿರೋ ಥರ ಇರಬಾರ್ದು ಅಂದ್ರಿ. ಜಗಜಗ ಬೆಳಕಿರ್ಲಿ ಅಂದ್ರಿ. ರೆಕ್ಕೆ ಪುಕ್ಕ ಇದ್ರೂ ಪರವಾಗಿಲ್ಲ ಅಂದ್ರಿ.

ಜಗದಾಂಬಾ (ಅಡುಗೆಮನೆಯಿಂದ): ಅಂದಿದ್ದು ನಿಜ. ನಾನೇ ಕೇಳಿಸ್ಕೊಂಡಿದೀನಿ.

ಮುರುಗೇಶಪ್ಪ: ನೀನು ಹೋಳಿಗೆ ನೋಡ್ಕೋ ಮಾರಾಯ್ತಿ!

ಮುರುಗೇಶಪ್ಪನವರೂ ಹೆಂಡತಿ ಜಗದಾಂಬಾ ಅವರೂ ದಾವಣಗೆರೆಗೆ ಒಂದು ಮದುವೆಗೆ ಹೋಗಿ ಬರುವಷ್ಟರಲ್ಲಿ ಮಗಳು ಚಿತ್ರ ಬರೆದು ಮುಗಿಸಿದ್ದಳು. ಚಿತ್ರಕಲೆ ಓದುವ ಮಗಳೆಂದು ಬಜಾರಿನ ತುಂಬ ಕೊಚ್ಚಿಕೊಂಡವರು ಇವರೇ. ಮಠಕ್ಕೆ ಹೋಗಿ, "ಬುದ್ಧೀ, ನಮ್ಮ ಹುಡುಗಿ ಗೋಡೆ ಮೇಲೆ ದೇವರನ್ನೇ ಇಳಿಸ್ತಾಳೆ" ಎಂದವರೂ ಇವರೇ. ವರ್ಷಗಟ್ಟಲೆ ಕೇಳಿಕೊಂಡ ಮೇಲೆ ಸಿಕ್ಕ ಪಾದಪೂಜೆ. ಅದರ ಫೋಟೊ ಇವತ್ತೇ ಮಠದ ವಾಟ್ಸಾಪ್ ಗ್ರೂಪಿಗೆ ಬೀಳುತ್ತದೆ. ಸ್ವಾಮಿಗಳ ತಲೆಯ ಹಿಂದೆ ಉರಿಯುವ ಶಿಲುಬೆ! ನಾಳೆ ಯಾವ ಮುಖ ಹೊತ್ತು ಅಂಗಡಿ ಬಾಗಿಲು ತೆಗೆಯುವುದು?

ಮುರುಗೇಶಪ್ಪ: ಅಲ್ಲ ಕಣೇ, ಜಪಾನಿನವರು ಬುದ್ಧನ ಕಡೆಯವರಲ್ವಾ? ಅವ್ರಿಗ್ಯಾಕೆ ಶಿಲುಬೆ?

ಶಾಂಭವಿ: ಚೆನ್ನಾಗಿ ಕಾಣುತ್ತೆ ಅಂತ.

ಮುರುಗೇಶಪ್ಪ: ಅಷ್ಟೇನಾ?

ಶಾಂಭವಿ: ಬಹಳ ಸಲ ಅಷ್ಟೇ. ಅಲ್ಲಿ ನೂರಕ್ಕೆ ಒಬ್ರು ಕ್ರಿಶ್ಚಿಯನ್ ಇದ್ರೆ ಹೆಚ್ಚು. ಶಿಲುಬೆ, ಕನ್ಯಾಸ್ತ್ರೀ, ದೇವದೂತ ಎಲ್ಲಾ ಅವ್ರಿಗೆ ದೂರದೇಶದ್ದು, ಏನೋ ನಿಗೂಢ ಅನ್ಸುತ್ತೆ. ರಾಕ್ಷಸ ಸತ್ರೆ ಬೆಂಕಿ ಶಿಲುಬೆ ಆಕಾರದಲ್ಲಿ ಏಳುತ್ತೆ. ಪಾದ್ರಿ ಬಂದೂಕು ಹಿಡ್ಕೊಂಡು ಬರ್ತಾನೆ. ಅರ್ಥ ಹುಡುಕ್ಬಾರ್ದು ಅಪ್ಪಾಜಿ, ಅಂದ ನೋಡ್ಬೇಕು.

ಆರೋಗ್ಯಸ್ವಾಮಿ: ಆಂಡವರೇ, ನಮ್ಮಪ್ಪಾ ದೇವ್ರೇ! ಪಾದ್ರಿ ಕೈಲಿ ಬಂದೂಕಾ?

ಶಾಂಭವಿ: ಎರಡೂ ಕೈಯಲ್ಲಿ ಅಂಕಲ್.

ಮುರುಗೇಶಪ್ಪನವರಿಗೆ ಬೈಯಲು ಕೊನೆಗೂ ಒಂದು ದೇಶ ಸಿಕ್ಕಿತು. ಹೆಗಲ ಮೇಲಿನ ಟವೆಲ್ ಕೊಡವಿ ಎದ್ದು ನಿಂತರು.

ಮುರುಗೇಶಪ್ಪ: ಅರ್ಥ ಗೊತ್ತಿಲ್ದೆ ಇನ್ನೊಬ್ರ ದೇವರ ಗುರುತು ತಂದು ಅಂದಕ್ಕೆ ಅಂಟಿಸ್ಕೊಳ್ಳೋದಾ? ನಾಚಿಕೆ ಆಗ್ಬೇಕು ಅವ್ರಿಗೆ! ನಮ್ಮನ್ನ ನೋಡು. ಹಣೆಗೆ ವಿಭೂತಿ ಹಚ್ಚಿದ್ರೂ ಯಾಕೆ ಏನು ಅಂತ ತಿಳ್ಕೊಂಡೇ ಹಚ್ತೀವಿ.

ಶಾಂಭವಿ: ಮೂರೇ ಗೆರೆ ಯಾಕಪ್ಪಾಜಿ?

ಮುರುಗೇಶಪ್ಪ: ಅದು... ಈಗ ಅದಲ್ಲ ಪ್ರಶ್ನೆ!

ಅಷ್ಟರಲ್ಲಿ ಆರೋಗ್ಯಸ್ವಾಮಿ ಕನ್ನಡಕ ಏರಿಸಿಕೊಂಡು ಚಿತ್ರದ ಹತ್ತಿರ ಹೋಗಿ ಮೇಲಿಂದ ಕೆಳಗೆ ನೋಡಿದ. ಅವನ ಮುಖ ಹುಣಸೆಹಣ್ಣು ಕಚ್ಚಿದಂತಾಯಿತು.

ಆರೋಗ್ಯಸ್ವಾಮಿ: ಸಾವ್ಕಾರ್ರೇ, ಒಂದ್ ಕೆಲ್ಸ ಮಾಡೋಣ. ಶಿಲುಬೆ ಇರ್ಲಿ, ಇವಳನ್ನ ಅಳಿಸಿಬಿಡ್ತೀನಿ. ಕತ್ತಿ ಹಿಡಿಯೋ ಸಿಸ್ಟರ್ ನಮ್ಮಲ್ಲಿಲ್ಲ. ಕೈಯಲ್ಲಿ ಆಯುಧ, ಕಣ್ಣಲ್ಲಿ ಬೆಂಕಿ. ಇವಳು ನಿಮ್ ಕಡೆಯ ದೇವಿ.

ಮುರುಗೇಶಪ್ಪ: ನಮ್ ಕಡೆ ದೇವಿಗೆ ಕೈ ಜಾಸ್ತಿ ಇರುತ್ತಯ್ಯಾ, ರೆಕ್ಕೆ ಇರಲ್ಲ. ಇವಳು ನಿಮ್ಮೋಳೇ.

ಆರೋಗ್ಯಸ್ವಾಮಿ: ಖಂಡಿತ ನಮ್ಮೋಳಲ್ಲ!

ಮುರುಗೇಶಪ್ಪ: ಹೋಗ್ಲಿ, ಕತ್ತಿ ಇದೆಯಲ್ಲ, ಯಾರಾದ್ರೂ ಕೇಳಿದ್ರೆ ಕಿತ್ತೂರು ಚೆನ್ನಮ್ಮ ಅಂತ ಸಂಭಾಳಿಸ್ತೀನಿ. ಅವಳು ಇರ್ಲಿ, ಶಿಲುಬೆ ಅಳಿಸು.

ಆರೋಗ್ಯಸ್ವಾಮಿ: ಶಿಲುಬೆ ಮುಟ್ಟಲ್ಲ. ಅವಳನ್ನ ಬೇಕಾದ್ರೆ ಅಳಿಸ್ತೀನಿ.

ಶಾಂಭವಿ: ಇಬ್ಬರೂ ಏನನ್ನೂ ಮುಟ್ಟಬೇಡಿ! ನೀವ್ ಬಂದು ನೋಡಿ "ಭೇಷ್ ಮಗಳೇ" ಅಂತೀರಿ ಅಂತ ಊಟ ತಿಂಡಿ ಬಿಟ್ಟು ಬರ್ದಿದೀನಿ ಅಪ್ಪಾಜಿ. ನೀವು ಬಾಗಿಲಲ್ಲೇ "ಅಯ್ಯಯ್ಯೋ" ಅಂದ್ರಿ.

ಹುಡುಗಿ ಮುಂಗೈಯಿಂದ ಕಣ್ಣೊರೆಸಿಕೊಂಡಳು. ಮುರುಗೇಶಪ್ಪನವರು ಗೋಡೆಯತ್ತ ತಿರುಗಿದರು. ಚಿತ್ರ ಚೆನ್ನಾಗಿತ್ತು, ಅದೇ ದೊಡ್ಡ ಕಷ್ಟ. ಕೆಟ್ಟದಾಗಿದ್ದರೆ ಯಾವಾಗಲೋ ಸುಣ್ಣ ಎರಚಿ ಮುಗಿಸುತ್ತಿದ್ದರು. ರೆಕ್ಕೆಯ ಒಂದೊಂದು ಗರಿಯನ್ನೂ ಬಿಡಿಸಿ ಬಿಡಿಸಿ ಬರೆದಿದ್ದಳು. ಅಳಿಸು ಅನ್ನಲು ಅವರಿಗೆ ಇನ್ನು ಬಾಯಿ ಬರಲಿಲ್ಲ.

ಮುರುಗೇಶಪ್ಪ: ಆಯ್ತು, ಅಳಬೇಡ. ಅಳಿಸೋದು ಬೇಡ, ಮುಚ್ಚೋಣ. ಪರದೆ ಕಟ್ಟಿಬಿಡೋಣ. ಸ್ವಾಮಿಗಳು ಹೋದ್ಮೇಲೆ ತೆಗೆದ್ರಾಯ್ತು.

ಅಂಗಡಿಯಿಂದ ಆಟೋದಲ್ಲಿ ಪರದೆ ಬಟ್ಟೆಯ ಒಂದು ಇಡೀ ಥಾನು ಬಂತು. ಅದನ್ನು ಬಿಚ್ಚುವಾಗ ಮುರುಗೇಶಪ್ಪನವರ ವ್ಯಾಪಾರಿ ಜೀವಕ್ಕೆ ಮತ್ತೆ ಕಳೆ ಬಂತು.

ಮುರುಗೇಶಪ್ಪ: ನೋಡಯ್ಯಾ, ಗಂಧರ್ವ ಡಿಸೈನ್! ಸೂರತ್ ಮಾಲು. ಸೀಮಂತ, ನಾಮಕರಣ, ಗೃಹಪ್ರವೇಶ, ಎಲ್ಲದಕ್ಕೂ ಜನ ಇದನ್ನೇ ಕೇಳೋದು. ಹೆಸರಿಟ್ಟಿದ್ದು ನಾನೇ. ಅರ್ಥ ಇರೋ ಬಟ್ಟೆ ಅಂದ್ರೆ ಇದು!

ಆರೋಗ್ಯಸ್ವಾಮಿ ಸ್ಟೂಲ್ ಹತ್ತಿ ಮೊಳೆ ಹೊಡೆದು ಪರದೆ ಇಳಿಬಿಟ್ಟ. ಕನ್ಯಾಸ್ತ್ರೀ, ಕತ್ತಿ, ಶಿಲುಬೆ ಎಲ್ಲ ಮಾಯವಾದವು. ಕೆಳಗಿಳಿದು ಎರಡು ಹೆಜ್ಜೆ ಹಿಂದೆ ಸರಿದು ನೋಡಿದವನು, ಪಟ್ಟನೆ ಹಣೆ, ಎದೆ, ಎರಡೂ ಭುಜ ಮುಟ್ಟಿಕೊಂಡು ಶಿಲುಬೆಯ ಗುರುತು ಹಾಕಿದ.

ಮುರುಗೇಶಪ್ಪ: ಏನಯ್ಯಾ ಅದು, ಗಂಧರ್ವರ ಮುಂದೆ?

ಆರೋಗ್ಯಸ್ವಾಮಿ: ಇವು ದೇವದೂತರು ಸಾವ್ಕಾರ್ರೇ. ನಮ್ ಚರ್ಚಲ್ಲಿ ಪೀಠದ ಮೇಲ್ಗಡೆ ಇದೇ ಗುಂಡು ಮಕ್ಳು, ಇದೇ ರೆಕ್ಕೆ.

ಮುರುಗೇಶಪ್ಪ: ಗಂಧರ್ವರು ಕಣಯ್ಯಾ! ಕೈಯಲ್ಲಿ ವೀಣೆ ಕಾಣಲ್ವಾ?

ಶಾಂಭವಿ: ಅದು ಹಾರ್ಪ್ ಅಪ್ಪಾಜಿ, ಪಾಶ್ಚಾತ್ಯರ ತಂತಿವಾದ್ಯ.

ಆರೋಗ್ಯಸ್ವಾಮಿ: ಇಬ್ಬಿಬ್ಬರ ನಡುವೆ ಇದೇನು ಮತ್ತೆ?

ಮುರುಗೇಶಪ್ಪ: ಹೂವು.

ಆರೋಗ್ಯಸ್ವಾಮಿ: ನಾಲ್ಕೇ ಎಸಳು, ಕೆಳಗಿಂದು ಮಾತ್ರ ಉದ್ದ. ಯಾವ ಹೂವು ಸಾವ್ಕಾರ್ರೇ ಅದು?

ಮುರುಗೇಶಪ್ಪನವರು ಪರದೆಗೆ ಮೂಗು ತಾಗಿಸಿ ನೋಡಿದರು. ತಾವೇ ಅಳೆದು, ತಾವೇ ಹರಿದು, ತಾವೇ ಹೊಗಳಿ ಮಾರಿದ ಬಟ್ಟೆ. ಶಿವಮೊಗ್ಗದ ಎಷ್ಟು ತೊಟ್ಟಿಲುಗಳ ಹಿಂದೆ ಇದನ್ನು ಕಟ್ಟಿಸಿದ್ದರೋ ಲೆಕ್ಕವೇ ಇಲ್ಲ. ಎಸಳುಗಳ ಸುತ್ತ ಬಳ್ಳಿ ಇತ್ತು, ಎಲೆ ಇತ್ತು, ಆದರೆ ಅದು ಹೂವಾಗಿರಲಿಲ್ಲ.

ಜಗದಾಂಬಾ (ಅಡುಗೆಮನೆಯಿಂದ): ರೀ, ಮಠದ ದಾಸೋಹದ ಮನೆಗೆ ಸೇವೆ ಅಂತ ಪರದೆ ಹೊಲಿಸಿ ಕೊಟ್ರಲ್ಲ, ಅದೂ ಇದೇ ಬಟ್ಟೆ ಅಲ್ವಾ?

ಶಾಂಭವಿ: ಅಪ್ಪಾಜಿ, ಅರ್ಥ ಗೊತ್ತಿಲ್ದೆ ಇನ್ನೊಬ್ರ ದೇವರ ಗುರುತು ತಂದು...

ಮುರುಗೇಶಪ್ಪ: ಸಾಕು ಸುಮ್ನಿರೇ. ಜಪಾನು ದೂರ ಏನಿಲ್ಲ ಬಿಡು. ಗಾಂಧಿ ಬಜಾರಲ್ಲೇ ಇದೆ. ಅದರ ಗಲ್ಲಾದಲ್ಲಿ ಕೂರೋ ದಡ್ಡ ನಾನೇ.

ಹೊರಗೆ ಕಾರು ನಿಂತ ಸದ್ದಾಯಿತು. ಪರದೆ ಬಿಚ್ಚಿದರೆ ಶಿಲುಬೆ, ಬಿಚ್ಚದಿದ್ದರೂ ಶಿಲುಬೆ. ಮುರುಗೇಶಪ್ಪನವರು ನೀರಿನ ತಂಬಿಗೆ ಹಿಡಿದು ಬಾಗಿಲಿಗೆ ಓಡಿದರು. ಸ್ವಾಮಿಗಳು ನಿಧಾನವಾಗಿ ಒಳಗೆ ಬಂದು ಪೀಠದ ಮುಂದೆ ನಿಂತು ಪರದೆ ನೋಡಿದರು.

ಸ್ವಾಮಿಗಳು: ಓಹೋ, ನಮ್ಮ ದಾಸೋಹದ ಮನೆಯ ಮಕ್ಕಳು ಇಲ್ಲೂ ಇದ್ದಾರಲ್ಲ! ಆದ್ರೆ ಮುರುಗೇಶಪ್ಪ, ಮಗಳು ಗೋಡೆ ಮೇಲೆ ದೇವರನ್ನೇ ಇಳಿಸ್ತಾಳೆ ಅಂದಿದ್ರಿ. ಎಲ್ಲಿ?

ಇನ್ನೂ ಬಣ್ಣ ಒಣಗಿಲ್ಲ ಎಂದು ಮುರುಗೇಶಪ್ಪನವರು ಹೇಳಬಹುದಿತ್ತು, ಬಾಯಿತುದಿಗೆ ಬಂದೂ ಇತ್ತು. ಆದರೆ ಮಗಳು ಗೋಡೆ ಪಕ್ಕ ತಲೆ ತಗ್ಗಿಸಿ ನಿಂತಿದ್ದಳು, ಅವಳ ಉಗುರಿನ ಸಂದಿಯಲ್ಲಿ ಇನ್ನೂ ಬಿಳಿ ಬಣ್ಣವಿತ್ತು. ಅವರು ತಂಬಿಗೆ ಕೆಳಗಿಟ್ಟು ಪರದೆಯನ್ನು ಎಳೆದೇಬಿಟ್ಟರು.

ಮುರುಗೇಶಪ್ಪ: ಇದೇ ಬುದ್ಧಿ. ನನ್ ಮಗಳು ಬರೆದಿದ್ದು. ಚೆನ್ನಾಗಿದ್ರೆ ಅವಳದ್ದು, ತಪ್ಪಾಗಿದ್ರೆ ನನ್ನದ್ದು.

ಸ್ವಾಮಿಗಳು ನೋಡಿದರು. ಕತ್ತಿ ನೋಡಿದರು, ರೆಕ್ಕೆ ನೋಡಿದರು, ಶಿಲುಬೆಯನ್ನು ಕೊಂಚ ಹೆಚ್ಚು ಹೊತ್ತೇ ನೋಡಿದರು.

ಸ್ವಾಮಿಗಳು: ಭೇಷ್, ಒಳ್ಳೇ ಕೈ. ಯಾರಮ್ಮಾ ಇವಳು?

ಶಾಂಭವಿ ಬಾಯಿ ತೆರೆಯುವ ಮೊದಲೇ ತಂದೆಯ ಅಂಗಡಿ ನಾಲಿಗೆ ಹೊರಳಿತು.

ಮುರುಗೇಶಪ್ಪ: ಗಂಧರ್ವ ಡಿಸೈನ್ ಬುದ್ಧಿ!

ಸ್ವಾಮಿಗಳು: ಹಾಗಾದ್ರೆ ನಮ್ಮ ದಾಸೋಹದ ಮನೆಯ ಮಕ್ಕಳ ತಾಯಿ ಇವಳೇ ಅನ್ನಿ. ಪಾಪ, ಮಕ್ಕಳನ್ನ ಹುಡುಕ್ಕೊಂಡು ಕತ್ತಿ ಹಿಡಿದೇ ಬಂದಿದ್ದಾಳೆ!

ನಗುತ್ತಾ ಪೀಠದ ಮೇಲೆ ಕುಳಿತರು. ಜೊತೆಗೆ ಬಂದಿದ್ದ ಮಠದ ಫೋಟೊ ತೆಗೆಯುವವನು ಕ್ಯಾಮೆರಾ ಎತ್ತಿದ. ಮುರುಗೇಶಪ್ಪನವರು ಪಾದಕ್ಕೆ ನೀರೆರೆಯಲು ಬಗ್ಗಿದಾಗ, ಹಿಂದಿನಿಂದ ಆರೋಗ್ಯಸ್ವಾಮಿ ಅವರ ಕಿವಿಗೆ ಬಾಯಿ ತಂದ.

ಆರೋಗ್ಯಸ್ವಾಮಿ: ಆಂಡವರೇ! ಸಾವ್ಕಾರ್ರೇ, ಕನ್ಯಾಸ್ತ್ರೀಗೆ ಅಷ್ಟೊಂದು ಮಕ್ಳಾ?

ಮುರುಗೇಶಪ್ಪ: ಸುಮ್ನಿರು ಮಾರಾಯ. ಅರ್ಥ ಹುಡುಕ್ಬಾರ್ದು, ಅಂದ ನೋಡ್ಬೇಕು.