ದೃಷ್ಟಿ ಬೊಂಬೆಯ ಹೆಲ್ಮೆಟ್ಟು

“ರೀ, ಕೇಳಿಸ್ತಿಲ್ವಾ? ಆಗ್ಲಿಂದ ಕೂಗ್ತಿದೀನಿ, ಇಳೀರಿ ಕೆಳಗೆ! ಬೆಳಿಗ್ಗೆ ಉಪ್ಪಿಟ್ಟಿಗೆ ಉಪ್ಪು ಕಮ್ಮಿಯಾಯ್ತು ಅಂತ ಮಧ್ಯಾಹ್ನದವರೆಗೂ ಮುನಿಸಾ?”

ಚಾಮರಾಜಪೇಟೆಯ ಅಡ್ಡರಸ್ತೆಯೊಂದರಲ್ಲಿ ಕಟ್ಟುತ್ತಿದ್ದ ಮನೆಯ ಮುಂದೆ, ಗಂಗರತ್ನಮ್ಮ ಊಟದ ಕ್ಯಾರಿಯರ್ ಹಿಡಿದು ಮೊದಲನೇ ಮಹಡಿಯತ್ತ ಕೂಗುತ್ತಿದ್ದರು. ಅಲ್ಲಿ ನೀಲಿ ಶರಟು, ಹಳದಿ ಹೆಲ್ಮೆಟ್ಟು, ಸೊಂಟಕ್ಕೆ ಬೆಲ್ಟು ಕಟ್ಟಿಕೊಂಡು ನೆಟ್ಟಗೆ ನಿಂತಿದ್ದವರು ಅಲುಗಾಡಲಿಲ್ಲ. ಬೆನ್ನ ಹಿಂದೆ ಯಾರೋ ಕೆಮ್ಮಿದರು. ತಿರುಗಿದರೆ ಗಂಡ, ಮೇಸ್ತ್ರಿ ಮುನಿರಾಮಪ್ಪ. ತಲೆಗೆ ಬರೀ ಟವೆಲ್ಲು.

ಮುನಿರಾಮಪ್ಪ: ಯಾರ ಹತ್ರ ಜಗಳ ಆಡ್ತಿದೀಯೇ?

ಗಂಗರತ್ನಮ್ಮ: ನಿಮ್ಹತ್ರಾನೇ! ಅಯ್ಯಯ್ಯೋ, ನೀವಿಲ್ಲಿದ್ರೆ ಅಲ್ಯಾರು?

ಮುನಿರಾಮಪ್ಪ: ದೃಷ್ಟಿ ಬೊಂಬೆ ಕಣೇ. ಹುಲ್ಲು ತುಂಬಿ, ಮಡಕೆಗೆ ಮೀಸೆ ಬರೆದು ನಾನೇ ಮಾಡಿದ್ದು.

ಗಂಗರತ್ನಮ್ಮ: ಕರೆದ್ರೂ ಮಾತಾಡ್ಲಿಲ್ಲ ನೋಡಿ, ನೀವೇ ಅಂದ್ಕೊಂಡೆ. ನನ್ನ ತಮ್ಮ ಹರಿಕೃಷ್ಣನ ಮದುವೆಗೆ ನಿಮಗೆ ಹೊಲಿಸಿದ ಶರಟು ಬೇರೆ! ಹೋಗ್ಲಿ, ಹೆಲ್ಮೆಟ್ಟು ಯಾಕೆ ಅದಕ್ಕೆ?

ಮುನಿರಾಮಪ್ಪ: ತಲೆ ಮಣ್ಣಿಂದಲ್ವಾ. ಏನಾದ್ರೂ ಬಿದ್ದು ಒಡೆದ್ರೆ ಅಪಶಕುನ.

ಗಂಗರತ್ನಮ್ಮ: ನಿಮ್ಮದೇನು ಕಬ್ಬಿಣದ್ದಾ?

ಮುನಿರಾಮಪ್ಪ: ಇಪ್ಪತ್ತೆಂಟು ವರ್ಷದ ಸರ್ವಿಸ್ಸು. ಏನೂ ಆಗಿಲ್ಲ.

ಗಂಗರತ್ನಮ್ಮ: ಬೆಲ್ಟು?

ಮುನಿರಾಮಪ್ಪ: ಗಾಳಿಗೆ ಬಿದ್ದೋಗ್ತಾನೆ, ಪಾಪ.

ಗಂಗರತ್ನಮ್ಮ: ಪಾಪ! ಹರಿಕೃಷ್ಣ ಗಾರೆ ಕೆಲಸಕ್ಕೆ ಹತ್ತಿ ಸಾರುವೆ ಮರದ ಮೇಲಿಂದ ಬಿದ್ದಾಗ ಗಾಳಿ ಬೀಸ್ತಿತ್ತಾ? ಇವತ್ತಿಗೂ ಮೆಟ್ಟಿಲು ಹತ್ತಬೇಕಾದ್ರೆ ಗೋಡೆ ಹಿಡ್ಕೋತಾನೆ. ಅವನ ಮದುವೆಗೆ ಹೊಲಿಸಿದ ಶರಟು ಹಾಕಿಸಿ ಹುಲ್ಲಿಗೆ ಬೆಲ್ಟು ಕಟ್ಟಿದೀರಲ್ಲ, ನಿಮಗೇನನ್ನಲಿ?

ಮುನಿರಾಮಪ್ಪ: ಮೆತ್ತಗೆ ಮಾತಾಡೇ. ಓನರ್ ಶ್ರೀನಿವಾಸಯ್ಯ ಎದುರು ಮನೆ ಮಹಡೀಲೇ ಕೂತಿರ್ತಾರೆ. ಮೇಸ್ತ್ರಿ ತಲೆ ಮೇಲೆ ಹೆಲ್ಮೆಟ್ಟು ಕಾಣ್ಲಿಲ್ಲ ಅಂದ್ರೆ ಕೆಲಸ ನಿಲ್ಲಿಸ್ತೀನಿ ಅಂದಿದ್ರು. ಕಲಾಸಿಪಾಳ್ಯದಿಂದ ಒಂದು ತಂದೂ ಕೊಟ್ರು. ಹಾಕ್ಕೊಂಡ್ರೆ ತಲೆ ಬೆವರುತ್ತೆ. ಅವರಿಗೋ ಕಣ್ಣಲ್ಲಿ ಪೊರೆ. ಬೊಂಬೆಗೆ ಹಾಕಿದೆ, ನಾನೇ ಅಂದ್ಕೊಂಡಿದಾರೆ. ಹದಿನೈದು ದಿನದಿಂದ ಅವರದು ಒಂದು ಮಾತಿಲ್ಲ!

ಗಂಗರತ್ನಮ್ಮ ಕ್ಯಾರಿಯರ್ ಹಿಡಿದೇ ಮೆಟ್ಟಿಲು ಹತ್ತಿದರು. ಮುನಿರಾಮಪ್ಪ ಹಿಂದೆಯೇ ಓಡಿದ. ಆಕೆ ಬೊಂಬೆಯ ಹತ್ತಿರ ಹೋಗಿ ಹೆಲ್ಮೆಟ್ಟಿನ ಮೇಲೆ ಬೆರಳಾಡಿಸಿದರು.

ಗಂಗರತ್ನಮ್ಮ: ಹೊಸದಲ್ವಾ? ಇಲ್ಲಿ ಯಾಕೆ ಇಷ್ಟುದ್ದ ಗೀರು?

ಮುನಿರಾಮಪ್ಪ: (ಹೆಮ್ಮೆಯಿಂದ) ಅದೇ ಬೊಂಬೆ ಮಹಿಮೆ! ನಿನ್ನೆ ನಾನಿಲ್ಲೇ ಪಕ್ಕದಲ್ಲಿ ನಿಂತಿದ್ದಾಗ ಮೇಲಿಂದ ಅರ್ಧ ಇಟ್ಟಿಗೆ ಬಿತ್ತು. ಇವನಿಲ್ದಿದ್ರೆ ಸೀದಾ ನನ್ನ ತಲೆ ಮೇಲೇ...

ಗಂಗರತ್ನಮ್ಮ ಗೀರನ್ನೊಮ್ಮೆ, ಗಂಡನ ಟವೆಲ್ಲನ್ನೊಮ್ಮೆ ನೋಡಿದರು. ಆಮೇಲೆ ನೆಲಕ್ಕೆ ಕೂತು, ಕ್ಯಾರಿಯರ್ ಬಿಚ್ಚಿ, ಮುದ್ದೆಯ ತಟ್ಟೆಯನ್ನು ಬೊಂಬೆಯ ಮುಂದಿಟ್ಟರು.

ಮುನಿರಾಮಪ್ಪ: ಏನೇ ಇದು?

ಗಂಗರತ್ನಮ್ಮ: ಹೆಲ್ಮೆಟ್ಟು ಹಾಕ್ಕೊಂಡೋರೇ ಮೇಸ್ತ್ರಿ. ಮೇಸ್ತ್ರಿಗೆ ಊಟ. ತಿನ್ನಿ ಮೇಸ್ತ್ರೀ, ಹಿತಕಿದ ಬೇಳೆ ಸಾರು, ಬಿಸಿ ಆರತ್ತೆ.

ಮುನಿರಾಮಪ್ಪ: ಹಿತಕಿದ ಬೇಳೇನಾ?

ಗಂಗರತ್ನಮ್ಮ: ನೀವ್ಯಾರ್ರೀ, ಟವೆಲ್ಲಿನವರು? ಸ್ವಲ್ಪ ಆಚೆ ನಿಂತ್ಕೊಳಿ, ನಮ್ಮ ಮನೆಯವರು ಊಟ ಮಾಡ್ತಿದಾರೆ.

ಮುನಿರಾಮಪ್ಪ: ಲೇ, ಬೇಳೆ ಹಿತಕಿಕೊಟ್ಟೋನು ನಾನು ಕಣೇ! ರಾತ್ರಿಯೆಲ್ಲ ಬೆರಳು ನೋವು!

ಗಂಗರತ್ನಮ್ಮ: ಇನ್ನೊಂಚೂರು ತುಪ್ಪ ಹಾಕ್ಲಾ ಮೇಸ್ತ್ರೀ?

ತುಪ್ಪದ ವಾಸನೆಗೆ ಮುನಿರಾಮಪ್ಪ ಸೋತ. ಬೊಂಬೆಯ ಹೆಲ್ಮೆಟ್ಟು ತೆಗೆದು ತನ್ನ ತಲೆಗೆ ಒತ್ತಿಕೊಂಡ. ಬೆಲ್ಟನ್ನು ಗಂಗರತ್ನಮ್ಮನೇ ಬಿಚ್ಚಿ ಅವನ ಸೊಂಟಕ್ಕೆ ಬಿಗಿದು, ಅವನ ಟವೆಲ್ಲನ್ನು ಬೊಂಬೆಯ ತಲೆಗೆ ಸುತ್ತಿದರು. ಅವನು ಮೊದಲ ತುತ್ತು ನುಂಗುವಷ್ಟರಲ್ಲಿ ಎದುರು ಮಹಡಿಯಿಂದ ಶ್ರೀನಿವಾಸಯ್ಯನವರ ದನಿ ಕೇಳಿಸಿತು.

ಶ್ರೀನಿವಾಸಯ್ಯ: ಏನಯ್ಯಾ ಮುನಿರಾಮಪ್ಪ! ಇಷ್ಟು ದಿನ ಬಂಗಾರದಂಗೆ ಹೆಲ್ಮೆಟ್ಟು ಹಾಕ್ತಿದ್ದೆ. ಇವತ್ತೇನು ಟವೆಲ್ಲು?

ಮುನಿರಾಮಪ್ಪ: (ಎದ್ದು ಕೈ ಬೀಸುತ್ತ) ಸಾರ್, ನಾನಿಲ್ಲಿದೀನಿ!

ಶ್ರೀನಿವಾಸಯ್ಯ: ನೀನ್ಯಾರಪ್ಪ, ಹೊಸಬನಾ? ಹೆಲ್ಮೆಟ್ಟು ಹಾಕಿದೀಯ, ಸಂತೋಷ. ಆದ್ರೆ ಬಂದ ದಿನವೇ ಊಟಕ್ಕೆ ಕೂತುಬಿಟ್ಯಲ್ಲ! ಮುನಿರಾಮಪ್ಪನ್ನ ನೋಡಿ ಕಲಿ. ಹದಿನೈದು ದಿನದಿಂದ ಒಂದು ಕಾಫಿ ಕೇಳಿಲ್ಲ, ಒಂದು ಬೀಡಿ ಸೇದಿಲ್ಲ!

ಮುನಿರಾಮಪ್ಪ ಬಾಯಿ ತೆರೆದ. ಗಂಗರತ್ನಮ್ಮ ಅದರೊಳಗೆ ಒಂದು ತುತ್ತು ಇಟ್ಟು ಮುಚ್ಚಿಸಿದರು.

ಗಂಗರತ್ನಮ್ಮ: ಸಾರ್, ಮೇಸ್ತ್ರಿ ತಮ್ಮ ಹೆಲ್ಮೆಟ್ಟನ್ನ ಈ ಹೊಸಬರಿಗೆ ಕೊಟ್ಟುಬಿಟ್ರು! ಕೆಲಸಕ್ಕೆ ಆರು ತಲೆ, ಹೆಲ್ಮೆಟ್ಟು ಒಂದೇ!

ಶ್ರೀನಿವಾಸಯ್ಯ: ಛೆ ಛೆ! ಅಂಥ ಕೆಲಸಗಾರನ ತಲೆ ಬರಿದಾ? ತಪ್ಪು ನಂದೇ ಕಣಮ್ಮ. ಸಂಜೆಯೊಳಗೆ ಎಲ್ರಿಗೂ ತರಿಸ್ತೀನಿ. ಮುನಿರಾಮಪ್ಪನಿಗೆ ಮೊದ್ಲು!

ಅವರು ಒಳಗೆ ಹೋದರು.

ಮುನಿರಾಮಪ್ಪ: ಹದಿನೈದು ದಿನ ಬೆವರು ಸುರಿಸಿದ್ದು ನಾನು, ಹೆಸರು ಬಂದಿದ್ದು ಹುಲ್ಲಿಗೆ! ನೀನೂ ಆ ಬೊಂಬೆ ಕಡೆ ಸೇರ್ಕೊಂಡ್ಯಲ್ಲೇ!

ಗಂಗರತ್ನಮ್ಮ: ಸೇರ್ದೆ ಇನ್ನೇನ್ರೀ? ಮದುವೆಯಾದಾಗಿಂದ ನಾನು ಹೇಳಿದ್ದಕ್ಕೆ ಎದುರು ಮಾತಾಡ್ದೆ ನಿಂತು ಕೇಳಿಸ್ಕೊಂಡ ಗಂಡ ಅವರೊಬ್ರೇ.