ಎಲ್ಲದಕ್ಕೂ 'ಎಸ್' ಅಂದ ಮಾವ

ನನ್ನ ಸೋದರಮಾವನಿಗೆ ದುಡ್ಡು ಕೊಟ್ಟು ತಂದ ವಸ್ತುವಿನ ಮೇಲೆ ನಂಬಿಕೆಯೇ ಇಲ್ಲ. ಪುಕ್ಕಟೆ ಸಿಗುವುದಾದರೆ ಜ್ವರವನ್ನೂ ಮನೆಗೆ ಕರೆದುಕೊಂಡು ಬರುವ ಆಸಾಮಿ! ಕೊಟ್ಟೂರಿನಲ್ಲಿ ಅವನದೊಂದು ಡಿಟಿಪಿ ಅಂಗಡಿ. ಊರಿಗೆ ಕಂಪ್ಯೂಟರು ಹೊಸದಾಗಿ ಬಂದಿದ್ದ ಕಾಲ, ಸುತ್ತಲಿನ ಮದುವೆ ಕಾರ್ಡುಗಳೆಲ್ಲ ಅಲ್ಲೇ ತಯಾರಾಗುತ್ತಿದ್ದವು.

ನನ್ನ ಮದುವೆ ಗೊತ್ತಾದಾಗ ಅಪ್ಪ ಇರಲಿಲ್ಲ. "ತಂದಿ ಇಲ್ಲದ ಹುಡುಗಿ ಮದುವಿಗೆ ಮಂದಿ ಯಾರು ಬರ್ತಾರ?" ಎಂದು ದೊಡ್ಡಪ್ಪ ಅಂದುಬಿಟ್ಟ. ಅವ್ವ ಸೆರಗಿನಲ್ಲಿ ಕಣ್ಣೊರೆಸಿಕೊಂಡಳು. ಮಾವ ಸಿಡಿದೆದ್ದ.

"ಕಾರ್ಡು ನಾ ಮಾಡ್ತೀನಿ. ಸುತ್ತ ಐದು ತಾಲೂಕಿನ ಮಂದಿ ಬರ್ತಾರ, ನೋಡ್ತಿರು."

ಕಾರ್ಡು ಮುಗಿದು ಅಚ್ಚಿಗೆ ಹೋಗುವುದೊಂದೇ ಬಾಕಿ. ಅಷ್ಟರಲ್ಲಿ ಕಂಪ್ಯೂಟರಿಗೆ ವೈರಸ್ ಬಡಿದೀತೆಂಬ ಹೆದರಿಕೆ ಹುಟ್ಟಿ, ಮಾವ ಯಾರೋ ಕೊಟ್ಟ ಕಳ್ಳ ಸೀಡಿಯಿಂದ ಆಂಟಿವೈರಸ್ ಹಾಕಲು ಕೂತ. ಕಂಪ್ಯೂಟರಿನಲ್ಲಿ ಈಗಿರುವ ಕಾವಲನ್ನೆಲ್ಲ ಮೊದಲು ತೆಗೆ ಎಂದಿತು ಸೀಡಿ.

"ಮಾವ, ಕಾವಲು ತೆಗಿ ಅನ್ನೋನು ಕಾಯಾಕ ಬಂದಾನೇನು?" ಎಂದೆ ನಾನು.

"ನಿಂಗೇನು ತಿಳೀತೈತಿ, ಸುಮ್ನ ಕುಂದ್ರು."

ಅದು ಹುಡುಕಿ ಹುಡುಕಿ ಕೊನೆಗೊಂದು ಭಯಂಕರ ರೋಗ ಪತ್ತೆಹಚ್ಚಿತು. ಯಾವುದು ಅಂತೀರಿ? ಕನ್ನಡ ಟೈಪು ಮಾಡುವ ಸಾಫ್ಟ್‌ವೇರು! ಅಳಿಸಲೇ ಎಂದು ಇಂಗ್ಲಿಷಿನಲ್ಲಿ ಕೇಳಿತು. ಮದುವೆ ಕೆಲಸದಲ್ಲಿ 'ಇಲ್ಲ' ಅನ್ನಬಾರದಲ್ಲ, ಮಾವ ಕೇಳಿದ್ದಕ್ಕೆಲ್ಲ 'ಎಸ್' ಒತ್ತಿದ. ಕಾರ್ಡಿನಲ್ಲಿ ನನ್ನ ಹೆಸರು ಪ್ರಶ್ನೆಯ ಚಿಹ್ನೆಯಾಯಿತು, ವರನ ಹೆಸರು ಡಾಲರಾಯಿತು. ಆಮೇಲೆ ಕಂಪ್ಯೂಟರೇ ಕಣ್ಣು ಮುಚ್ಚಿತು.

ರಿಪೇರಿ ಮಾಡುವ ಸಾಬರು ಬಂದು ನೋಡಿದರು. "ಸೀಡಿಯಾಗ ಇದ್ದದ್ದೇ ವೈರಸ್ರೀ. ಎಲ್ಲಾ ತಿಂದು ಕುಂತೈತಿ."

ಬೇರೆ ಪ್ರೆಸ್ಸಿಗೆ ಕೊಡೋಣವೆಂದರೆ ಮಾವ ಸುತಾರಾಂ ಒಪ್ಪಲಿಲ್ಲ. "ನನ್ನ ಬಾಯಿಗೂ ವೈರಸ್ ಬಂದೈತೇನು?" ಎಂದು ಎಲೆ ಅಡಿಕೆಯ ಚೀಲವನ್ನು ಮೊಪೆಡ್ಡಿಗೆ ಕಟ್ಟಿ ಹೊರಟೇಬಿಟ್ಟ. ಕೂಡ್ಲಿಗಿ, ಹಡಗಲಿ, ಇಟ್ಟಿಗಿ, ಹರಪನಹಳ್ಳಿ ಎಲ್ಲ ಸುತ್ತಿ, ಮನೆ ಮನೆಯ ಹೊಸ್ತಿಲಲ್ಲಿ ನಿಂತು ಕರೆದ. ದಾರಿಯಲ್ಲಿ ಕುರಿ ಕಾಯುತ್ತಿದ್ದವರನ್ನೂ ಬಿಡಲಿಲ್ಲ.

ಮದುವೆಯ ದಿನ ಅನ್ನಕ್ಕೆ ಮತ್ತೆ ಮತ್ತೆ ಎಸರಿಡಬೇಕಾಯಿತು. ದೊಡ್ಡಪ್ಪ ಕೂರಲು ಜಾಗ ಸಿಗದೆ ಕಂಬಕ್ಕೊರಗಿ ನಿಂತಿದ್ದ.

ಧಾರೆಯ ಹೊತ್ತಿಗೆ ಅಪ್ಪ ನಿಲ್ಲಬೇಕಾದ ಜಾಗದಲ್ಲಿ ಮಾವ ಬಂದು ನಿಂತ. ನಾನು ಕಾಲು ಮುಟ್ಟಿದೆ. ಹರಸಲು ಬಾಯಿ ತೆರೆದ, ದನಿಯೇ ಹೊರಡಲಿಲ್ಲ. ಊರೂರು ಕರೆದು ಕರೆದು ಗಂಟಲು ಪೂರಾ ಹೋಗಿತ್ತು. ತುಟಿ ಅಲ್ಲಾಡುತ್ತಿತ್ತು, ಕಣ್ಣು ತುಂಬಿ ಬಂದಿತ್ತು. ಹೊತ್ತಾಯಿತೆಂದು ಮದುವೆ ಮಾಡಿಸುವ ಅಯ್ಯನವರು ಅವಸರ ಮಾಡಿದರೂ, ನನ್ನ ತಲೆಯ ಮೇಲಿಟ್ಟ ಕೈಯನ್ನು ಅವನು ತೆಗೆಯಲೇ ಇಲ್ಲ.