ಜನಭೀತಿ ಅನ್ನೂ ಶಬ್ದ ನಮ್ಮ ಮನಿಗೆ ಬಂದದ್ದು

ಆಗಿದ್ದು ಇಷ್ಟೇ: ನನ್ನ ಮೊಮ್ಮಗಳು ಶೋಭಾ ತನ್ನ ಕುಬಸದ ದಿನ, ಅಂದರೆ ಸೀಮಂತದ ದಿನ, ಆರತಿ ಆಗುವ ಮೊದಲೇ, ಎಪ್ಪತ್ತು ಹೆಣ್ಣುಮಕ್ಕಳ ನಡುವಿನಿಂದ ಎದ್ದು ಹೋಗಿ ಹಿಂದಿನ ಕೋಣೆಯ ಮಗ್ಗದ ಹತ್ತಿರ ಕೂತಳು. ಆಕೆಗೆ ದೆವ್ವ ಬಡಿದಿರಲಿಲ್ಲ, ಮೈಮೇಲೆ ದೇವರು ಬಂದಿರಲಿಲ್ಲ, ಅತ್ತೆಯ ಮೇಲೆ ಸಿಟ್ಟೂ ಇರಲಿಲ್ಲ. ತಪ್ಪು ಯಾರದು ಅಂದರೆ ನನ್ನದು. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ಗಜೇಂದ್ರಗಡದಲ್ಲಿ ಒಂದು ಓಣಿಯ ಸುದ್ದಿ ಇನ್ನೊಂದು ಓಣಿಗೆ ಹೋಗುವಷ್ಟರಲ್ಲಿ ಅದಕ್ಕೆ ಕೈಕಾಲು ಮೂಡಿ ಮೀಸೆಯೂ ಬಂದಿರುತ್ತದೆ. ಕೆಳಗಿನ ಓಣಿಯ ಸುದ್ದಿಯಲ್ಲಿ ಶೋಭಾ ಎಚ್ಚರ ತಪ್ಪಿ ಬಿದ್ದಳಂತೆ. ಅದು ಬಸ್ ಸ್ಟ್ಯಾಂಡಿನ ಹತ್ತಿರ ಹೋಗುವಷ್ಟರಲ್ಲಿ ನಮ್ಮ ಮನೆ ಮುಂದೆ ಅಂಬ್ಯುಲೆನ್ಸ್ ಬಂದು ನಿಂತಿತ್ತಂತೆ. ಬಂದದ್ದು ಅಂಬ್ಯುಲೆನ್ಸ್ ಅಲ್ಲ, ಬಾಡಿಗೆ ಕುರ್ಚಿ ಒಯ್ಯುವವನ ಟಂಟಂ ಗಾಡಿ.

ನಾನು ಮೂರನೇ ಈಯತ್ತೆಗೆ ಸಾಲಿ ಬಿಟ್ಟವಳು. ನನಗೆ ಗೊತ್ತಿದ್ದ ಅಂಜಿಕೆಗಳು ಎರಡೋ ಮೂರೋ. ಹಾವು ಕಂಡರೆ ಆಗುವುದು ಅಂಜಿಕಿ. ಹರಿದ ಸೀರೆ ಉಟ್ಟುಕೊಂಡು ಕಸ ಹೊಡೆಯುವಾಗ ಬೀಗರು ಬಂದರೆ ಆಗುವುದು ನಾಚಿಕಿ. ಒಲೆಯ ಮೇಲೆ ಹಾಲಿಟ್ಟು ಓಣಿಯಲ್ಲಿ ಮಾತಾಡುತ್ತ ನಿಂತಾಗ, ಹಾಲಿನ ನೆನಪಾದರೆ ಆಗುವುದು ಗಾಬರಿ. ಇಷ್ಟರಲ್ಲೇ ಅರವತ್ತೆಂಟು ವರ್ಷ ಚಲೋ ನಡೆದುಹೋಗಿತ್ತು. ಮಂದಿಯ ಅಂಜಿಕೆ ಅಂತ ಒಂದು ಬೇರೆ ಇರುತ್ತದೆ ಅಂತ ನನಗೆ ಹ್ಯಾಂಗ ಗೊತ್ತಾಗಬೇಕು? ಮಂದಿ ನನಗೆ ಅಂಜಿದ್ದು ಉಂಟು, ನಾನು ಮಂದಿಗೆ ಅಂಜಿದ್ದಿಲ್ಲ.

ಹೋದ ವರ್ಷ ಪಂಚಮಿಗೆ ತವರಿಗೆ ಬಂದಿದ್ದ ಶೋಭಾಳನ್ನು ಗಂಡನ ಮನೆಗೆ ಬಿಡಲು ನಾನೇ ಹೊರಟಿದ್ದೆ. ಆಕೆಯ ಗಂಡನ ಮನೆ ನರಗುಂದ. ಗಂಡ ಅಲ್ಲಿ ಸಾಲಿ ಮಾಸ್ತರ. ರೋಣದ ಬಸ್ ಸ್ಟ್ಯಾಂಡಿನಲ್ಲಿ ನರಗುಂದದ ಬಸ್ಸು ಬಂದರೆ, ಅದು ನಿಲ್ಲುವ ಮೊದಲೇ ಕಿಟಕಿಯೊಳಗೆ ಟವೆಲ್ಲು, ಚೀಲ, ಒಮ್ಮೊಮ್ಮೆ ಕೂಸು ಕೂಡ ಹೋಗಿರುತ್ತದೆ. ನಾನು ನನ್ನ ಎರಡೂ ಮೊಳಕೈಗಳನ್ನು ಮುಂದೆ ಬಿಟ್ಟು ಹತ್ತಿ, ಕಿಟಕಿ ಪಕ್ಕದ ಸೀಟು ಹಿಡಿದು ಮೊಮ್ಮಗಳನ್ನು ಕೂರಿಸಿದೆ. ಊರು ದಾಟಿ ಎರಡು ಮೈಲಿ ಹೋಗಿರಲಿಕ್ಕಿಲ್ಲ.

"ಆಯಿ, ನಾ ಇಳೀಬೇಕು" ಅಂದಳು.

"ಇಲ್ಲೇನೈತಿ ಇಳಿಯಾಕ? ಹೆಸರಿನ ಹೊಲ ಐತಿ."

"ಹೊಲಾನ ಬೇಕು ನನಗ. ಇಳಿಸು."

ಮುಖ ಸುಣ್ಣದ ಹಾಗೆ ಆಗಿತ್ತು, ಕೈ ತಣ್ಣಗಿತ್ತು. ಕಂಡಕ್ಟರನಿಗೆ ಬೈದು ಬಸ್ಸು ನಿಲ್ಲಿಸಿದೆ. ಆಕೆ ಇಳಿದು, ಬದುವಿನ ಮೇಲೆ ಕೂತು, ಹತ್ತು ಸಲ ಉಸಿರು ಎಳೆದುಕೊಂಡಳು ನೋಡ್ರಿ, ಮೊದಲಿನ ಹಾಗೇ ಆದಳು. ನಾನು ಹಿಂದಿರುಗಿ ನೋಡಿದರೆ ಬಸ್ಸು ಹೋಗುತ್ತಿತ್ತು, ನಾನು ಗೆದ್ದ ಸೀಟಿನಲ್ಲಿ ಒಬ್ಬ ದಪ್ಪನೆಯ ಮನುಷ್ಯ ಕೂತಿದ್ದ. ಖರೇ ಹೇಳಬೇಕಂದರೆ ಅವತ್ತು ನನಗೆ ಮೊಮ್ಮಗಳಿಗಿಂತ ಆ ಸೀಟಿನ ಸಂಕಟವೇ ಹೆಚ್ಚಾಗಿತ್ತು.

ಮಾಸ್ತರ ಗಾಡಿ ತಗೊಂಡು ಬಂದು ಹೆಂಡತಿಯನ್ನು ದವಾಖಾನಿಗೆ ಕರೆದುಕೊಂಡು ಹೋದ. ಡಾಕ್ಟರು ಗುಳಿಗೆ ಬರೆಯಲಿಲ್ಲ, ಒಂದು ಇಂಗ್ಲಿಷ್ ಶಬ್ದ ಹೇಳಿ ಕಳಿಸಿದರು. ಆ ಶಬ್ದ ನನ್ನ ಬಾಯಿಗೆ ಹತ್ತಲಿಲ್ಲ. ಮಾಸ್ತರ ಅದನ್ನು ಕನ್ನಡ ಮಾಡಿದ.

"ಜನಭೀತಿ ಅನಬಹುದ್ರಿ ಆಯಿ. ಜನಸಂದಣಿ ಭೀತಿ ಅಂದ್ರ ಇನ್ನೂ ಬರೋಬ್ಬರಿ ಆಕ್ಕೈತಿ."

"ಜನಕ್ಕ ಅಂಜತಾಳಂತ? ಮುಂಜಾನಿಂದ ಸಂಜೀತನಾ ನನ್ನ ಜೋಡಿ ಜಗಳಾಡ್ತಾಳಲ್ಲ!"

"ಜನಕ್ಕ ಅಲ್ರಿ. ನಡುವ ಸಿಗೇಬಿದ್ದೆ, ಹೊರಗ ಹೋಗಾಕ ದಾರಿ ಇಲ್ಲ ಅನ್ನಿಸಿದ ಕೂಡ್ಲೇ ಎದಿ ಬಡಕೋತೈತಿ, ಉಸರ ಸಾಲೂದಿಲ್ಲ. ಅದೇ ಮಂದಿ ಒಬ್ಬೊಬ್ಬರಾಗಿ ಬಂದ್ರ ಏನೂ ಇಲ್ಲ."

ನಾನು ಹೂಂ ಅಂದೆ. ಮಾಸ್ತರರಿಗೆ ಎಲ್ಲವನ್ನೂ ಬಿಡಿಸಿ ಹೇಳುವ ಚಟ ಇರುತ್ತದೆ, ಕೇಳಿದವರಿಗೆ ಮರೆಯುವ ಚಟ.

ಆದರೆ ಶಬ್ದ ಮಾತ್ರ ನಮ್ಮ ಮನೆಗೆ ಬಂದು ಉಳಿಯಿತು. ಮನೆಗೆ ಹೊಸ ಚೆಂಬು ತಂದರೆ ಎಲ್ಲರೂ ಅದರಲ್ಲೇ ನೀರು ಕುಡಿಯುತ್ತಾರಲ್ಲ, ಹಾಗೆ. ನನ್ನ ಮಗ, ಶೋಭಾಳ ಅಪ್ಪ ಈರಪ್ಪ, ನೇಕಾರರ ಸಂಘದ ಮೀಟಿಂಗಿಗೆ ಹೋಗುವುದನ್ನು ಬಿಟ್ಟ. ಯಾಕೋ ಅಂದರೆ, "ನನಗೂ ಸ್ವಲ್ಪ ಜನಭೀತಿ ಐತಿ ಅನ್ನಿಸ್ತೈತಿ ಅವ್ವಾ" ಅಂದ. ಅದೇ ಸಂಜೆ ಕ್ರಿಕೆಟ್ ನೋಡಲು ಚಹಾದ ಅಂಗಡಿಯಲ್ಲಿ ನಲವತ್ತು ಮಂದಿಯ ನಡುವೆ ನಿಂತಿದ್ದ. ಸೊಸೆ ಗಂಗವ್ವನಿಗೆ ಕೊಣ್ಣೂರಿನ ದೊಡ್ಡಮ್ಮನ ಮನೆಗೆ ಹೋಗುವುದು ಬೇಡವಾಗಿತ್ತು. ಆಕೆಗೂ ಅದೇ ಬಂತು. ಪಕ್ಕದ ಮನೆ ನೀಲವ್ವನ ಎಮ್ಮೆ ಹೊಸಬರು ನಿಂತರೆ ಹಾಲು ಇಳಿಸುವುದಿಲ್ಲ, ಅದಕ್ಕೂ ಅದೇ ಹೆಸರು. ನಮ್ಮ ಯಜಮಾನರಂತೂ ಐವತ್ತು ವರ್ಷದಿಂದ ಮಗ್ಗದ ಕೋಣೆ ಬಿಟ್ಟು ಹೊರಗೆ ಬಂದವರಲ್ಲ. ಅವರು ಭಾಳ ಸಮಾಧಾನದಿಂದ, "ನನಗಿದು ಹುಟ್ಟಿದಾಗಿಂದ ಐತಿ, ಹೆಸರ ಈಗ ಗೊತ್ತಾತು" ಅಂದರು. ಹಿಂಗಾಗಿ ಶೋಭಾ ಖರೇನೇ ಆ ಮಾತು ಆಡಿದಾಗ ಆ ಶಬ್ದದ ತುಂಬ ನಮ್ಮ ನೆವಗಳೇ ತುಂಬಿದ್ದವು. ಆಕೆಯ ಅಂಜಿಕೆಗೆ ಅದರೊಳಗೆ ಜಾಗವೇ ಉಳಿದಿರಲಿಲ್ಲ.

ಏಳನೇ ತಿಂಗಳಿಗೆ ಕುಬಸ ಮಾಡಿ ಹೆರಿಗೆಗೆ ತವರಲ್ಲೇ ಉಳಿಸಿಕೊಳ್ಳುವುದು ಅಂತ ಗೊತ್ತಾಯಿತು. ಶೋಭಾ ಮೊದಲೇ ಹೇಳಿದಳು: "ಆಯಿ, ಹತ್ತ ಮಂದಿ ಸಾಕು."

"ಹತ್ತಂದ್ರ ಹತ್ತು" ಅಂದೆ. ಅಂದಾಗ ಖರೇನೇ ಅಂದಿದ್ದೆ.

ಮರುದಿನ ಕುಂಕುಮದ ಭರಣಿ ಹಿಡಿದು ಹತ್ತು ಮನೆಗೆ ಹೊರಟೆ. ನಮ್ಮದು ನೇಕಾರರ ಓಣಿ. ಹಗಲೆಲ್ಲ ಮಗ್ಗದ ಸಪ್ಪಳ ಇರುತ್ತದೆ. ಸಪ್ಪಳ ನಿಂತಿತು ಅಂದರೆ ಒಳಗಿನವರು ಬಾಗಿಲಲ್ಲಿ ಬಂದು ನಿಂತು ನೋಡುತ್ತಿದ್ದಾರೆ ಅಂತ ತಿಳಿಯಬೇಕು. ಒಂದು ಮನೆಯ ಹೆಣ್ಣುಮಗಳಿಗೆ ಕುಂಕುಮ ಹಚ್ಚಿ ಕರೆದು, ಮುಂದಿನ ಮನೆ ಬಾಗಿಲಲ್ಲಿ ನಿಂತವಳನ್ನು ಕಣ್ಣಿದ್ದೂ ಕಾಣದವರ ಹಾಗೆ ದಾಟಿ ಹೋಗಲು ಬರುತ್ತದೆಯೇ? ಆಕೆಯ ಮನೆಯಲ್ಲಿ ನಾನು ಎಷ್ಟು ಆರತಿಗೆ ಹಾಡಿಲ್ಲ, ಎಷ್ಟು ಹೋಳಿಗೆ ತಿಂದಿಲ್ಲ! ಆಕೆಗೂ ಹಚ್ಚಿದೆ. ಹಚ್ಚಿದ ಮೇಲೆ "ಮನಿಮಂದೆಲ್ಲಾ ಬರ್ರಿ" ಅನ್ನುವುದು ರೂಢಿ. ಬಾಯಿ ತನ್ನಷ್ಟಕ್ಕೆ ತಾನೇ ಅಂದಿತು. ಓಣಿ ಮುಗಿಯುವಷ್ಟರಲ್ಲಿ ಭರಣಿ ಖಾಲಿ.

ಕುಬಸದ ದಿನ ನಮ್ಮ ಪಡಸಾಲೆಯಲ್ಲಿ ಒಂದು ಸೂಜಿ ಬಿದ್ದರೂ ಯಾರದೋ ತೊಡೆಯ ಮೇಲೆ ಬೀಳಬೇಕಿತ್ತು. ನಡುವೆ ಮಣೆ. ಮಣೆಯ ಮೇಲೆ ಅಜ್ಜನೇ ನೇಯ್ದ ಹಸಿರು ಸೀರೆ ಉಟ್ಟ ಶೋಭಾ. ಬಾಗಿಲಲ್ಲಿ ಹೆಣ್ಣುಮಕ್ಕಳು, ಅವರ ಹಿಂದೆ ಚಪ್ಪಲಿಗಳು, ಚಪ್ಪಲಿಗಳ ಹಿಂದೆ ಮತ್ತೆ ಹೆಣ್ಣುಮಕ್ಕಳು. ಸೋಬಾನ ಹಾಡು ಎರಡನೇ ನುಡಿಗೆ ಬಂದಿತ್ತು. ಆಕೆ ಎದ್ದಳು. ಸೀರೆಯ ನಿರಿಗೆ ಎತ್ತಿ ಹಿಡಿದು, ಒಬ್ಬಾಕೆಯ ಮಡಿಲು, ಇನ್ನೊಬ್ಬಾಕೆಯ ಕಾಲು ದಾಟಿಕೊಂಡು ಹಿಂದಿನ ಕೋಣೆಗೆ ಹೋದಳು. ಹಾಡು ನಡುವೆಯೇ ಕಡಿಯಿತು.

ಆಕೆಯ ಅತ್ತೆ ಶಾರದಕ್ಕ ಆರತಿಯ ತಾಟು ಹಿಡಿದು ನಿಂತಿದ್ದರು. ಒಳ್ಳೆಯ ಹೆಂಗಸು, ಆದರೆ ನಾಲ್ಕು ಮಂದಿ ಏನಂದಾರು ಅನ್ನುವುದನ್ನು ಐದನೆಯವರಿಗಿಂತ ಮೊದಲು ಕೇಳಿಸಿಕೊಳ್ಳುವವರು.

"ಮಣೆ ಬಿಟ್ಟ ಎದ್ದಳಲ್ರಿ! ಉಡಿ ತುಂಬಿಲ್ಲ, ಆರತಿ ಆಗಿಲ್ಲ. ನಾ ನರಗುಂದಕ್ಕ ಹೋಗಿ ಮಂದಿಗೆ ಏನಂತ ಹೇಳ್ಲಿ? ಇಂಥಾದ್ದೊಂದ ಐತಿ ಅಂತ ಲಗ್ನಕ್ಕ ಮೊದ್ಲ ಹೇಳಬೇಕಿತ್ತು."

ಎಪ್ಪತ್ತು ಬಾಯಿ ಮುಚ್ಚಿದವು, ಅದರ ಎರಡರಷ್ಟು ಕಿವಿ ತೆರೆದವು. ಕುಬಸ ಅರ್ಧಕ್ಕೆ ನಿಂತರೆ ಹುಡುಗಿ ಆ ಮನೆಯಲ್ಲಿ ಬದುಕಿದಷ್ಟು ದಿನ "ಮಣೆ ಬಿಟ್ಟ ಎದ್ದಾಕಿ" ಆಗುತ್ತಾಳೆ. ಹೆರಿಗೆಯಲ್ಲಿ ಸ್ವಲ್ಪ ಹೆಚ್ಚುಕಡಿಮೆಯಾದರೂ ಅದೇ ಕಾರಣ, ಕೂಸಿಗೆ ನೆಗಡಿ ಬಂದರೂ ಅದೇ ಕಾರಣ. ಮನುಷ್ಯರ ಬಾಯಲ್ಲಿ ಒಂದು ಹೆಸರು ಕೂತರೆ ಅದನ್ನು ಯಾವ ಸೋಪಿನಿಂದಲೂ ತೊಳೆಯಲು ಬರುವುದಿಲ್ಲ.

ಒಳಗೆ ಹೋದೆ. ಶೋಭಾ ಮಗ್ಗದ ಕೆಳಗಿನ ತಗ್ಗು ಕುಣಿಯಲ್ಲಿ ಕಾಲು ಇಳಿಬಿಟ್ಟು ಅಜ್ಜನ ಪಕ್ಕ ಕೂತಿದ್ದಳು. ಯಜಮಾನರು ಏನೂ ಕೇಳದೆ, ತಿರುಗಿಯೂ ನೋಡದೆ ಲಾಳಿ ಓಡಿಸುತ್ತಿದ್ದರು. ಆ ಕಡೆಯಿಂದ ಈ ಕಡೆ, ಈ ಕಡೆಯಿಂದ ಆ ಕಡೆ. ಆಕೆಯ ಉಸಿರು ನಿಧಾನಕ್ಕೆ ಅದರ ಲೆಕ್ಕಕ್ಕೆ ಬರುತ್ತಿತ್ತು.

"ಆಯಿ, ಹತ್ತ ಅಂದಿದ್ದೆ" ಅಂದಳು.

"ಹತ್ತ ಮನಿ ಅಂತ ತಿಳಕೊಂಡೆ" ಅಂತ ಸುಳ್ಳು ಹೇಳಿದೆ.

"ಎಣಿಸೀನಿ. ಅರವತ್ತೊಂಬತ್ತರ ತನಕಾ ತಡಕೊಂಡ ಕುಂತಿದ್ದೆ. ಆಮ್ಯಾಲ ಬಾಗಲಾ ಕಾಣದಂಗಾತು."

ಅಷ್ಟರಲ್ಲಿ ಶಾರದಕ್ಕ ತಾಟು ಹಿಡಿದುಕೊಂಡೇ ಬೆನ್ನಿಗೆ ಬಂದು ನಿಂತಿದ್ದರು. ಅವರ ಮುಂದೆ ನನ್ನ ಮಾನ ಉಳಿಯಲಿ ಅಂತ ನಾನು ದನಿ ಏರಿಸಿದೆ. "ಲಗ್ನದಾಗ ಐದನೂರ ಮಂದಿ ಇದ್ರಲ್ಲ, ಅವತ್ತೆಲ್ಲಿ ಹೋಗಿತ್ತು ಈ ಜನಭೀತಿ?"

"ಅವತ್ತೂ ಇತ್ತು. ಹಂದರದಿಂದ ಬಾಗಲಾ ಕಾಣತಿತ್ತು, ಅದನ್ನ ನೋಡಕೋತ ನಿಂತಿದ್ದೆ. ಬೇಕಾದ್ರ ಫೋಟೋ ನೋಡ್ರಿ."

ಶಾರದಕ್ಕ "ಹೌದಲ್ರಿ" ಅಂದರು. "ನಮ್ಮ ಪಡಸಾಲ್ಯಾಗ ಹಾಕೀವಲ್ಲ ದೊಡ್ಡ ಫೋಟೋ, ಅದರಾಗೂ ಈಕಿ ಕಣ್ಣ ಒಂದ ಕಡೆ ಅದಾವ. ನಾ ಫೋಟೋ ತಗದಾವಂಗ ಬೈದಿದ್ದೆ."

"ನಾನೂ ಬೈದಿದ್ದೆ" ಅಂದರು ಯಜಮಾನರು. ಅವತ್ತು ಇಡೀ ದಿನ ಅವರು ಆಡಿದ ಮಾತು ಅದೊಂದೇ.

ಐದು ನೂರು ಮಂದಿಯ ನಡುವೆ ನಾಲ್ಕು ತಾಸು ಉಸಿರು ಹಿಡಿದು ನಿಂತವಳನ್ನು ಅಂಜುಬುರುಕಿ ಅನ್ನಲು ನನ್ನ ಬಾಯಿ ಕೂಡ ಏಳಲಿಲ್ಲ, ನನ್ನ ಬಾಯಿ ಹ್ಯಾಂಗ ಐತಿ ಅಂತ ನಿಮಗೆ ಗೊತ್ತಾಗಿರಬೇಕು. ಆಗ ಮಾಸ್ತರ ಬಿಡಿಸಿ ಹೇಳಿದ್ದು ನೆನಪಿಗೆ ಬಂತು. ಹೊರಗೆ ಹೋಗಲು ದಾರಿ ಬೇಕು, ಮಂದಿ ಒಬ್ಬೊಬ್ಬರಾಗಿ ಬರಬೇಕು. ಇಷ್ಟೇ ತಾನೆ? ರೇಶನ್ ಅಂಗಡಿಯ ಮುಂದೆ ಪಾಳಿ ಹಚ್ಚಿದವಳು ನಾನು, ಇದೇನು ದೊಡ್ಡ ಮಾತು. ಮಗ್ಗದ ಕೋಣೆಯಿಂದ ಹಿತ್ತಲಕ್ಕೆ ಒಂದು ಬಾಗಿಲಿದೆ, ಅದನ್ನು ಪೂರ್ತಿ ತೆಗೆದೆ. ಶೋಭಾಳನ್ನು ಅದರ ಎದುರಿಗೆ ಕೂರಿಸಿ, ಪಡಸಾಲೆಯ ಹೊಸ್ತಿಲಲ್ಲಿ ನಿಂತು ಕೂಗಿದೆ: "ಇಬ್ಬಿಬ್ಬರ ಬರ್ರಿ. ಉಡಿ ತುಂಬ್ರಿ, ಹಿತ್ತಲಕ ಹಾದ ಹೋಗ್ರಿ. ಉಪದೇಶ ಏನಿದ್ರೂ ಹೊರಗ ನನಗ ಹೇಳ್ರಿ."

ಮೊದಲ ಆರತಿ ಶಾರದಕ್ಕನೇ ಎತ್ತಿದರು. ಮೂರು ತಾಸು ಹಿಡಿಯಿತು. ರೊಟ್ಟಿ ಕಟಕ್ ಅನ್ನುವಂತಾದವು, ಪಲ್ಯ ಎರಡು ಸಲ ಬಿಸಿಯಾಯಿತು. ಆದರೆ ಹೆಣ್ಣುಮಕ್ಕಳಿಗೆ ಈ ಪಾಳಿ ಭಾಳ ಸೇರಿತು. ನೀಲವ್ವ ಹಿತ್ತಲದಿಂದ ಸುತ್ತು ಹಾಕಿ ಬಂದು ಎರಡನೇ ಸಲ ಪಾಳಿಯಲ್ಲಿ ನಿಂತಿದ್ದಳು. ಶೋಭಾ ಒಬ್ಬೊಬ್ಬರ ಮುಖ ನೋಡಿ ನಕ್ಕಳು, ಹೆಸರು ಹಿಡಿದು ಮಾತಾಡಿಸಿದಳು. ಹೊರಡುವಾಗ ಶಾರದಕ್ಕ ನನ್ನ ಕೈ ಹಿಡಿದು, "ಕೂಸಿನ್ನ ತೊಟ್ಟಿಲದಾಗ ಹಾಕೂ ದಿನ ಮಾತ್ರ ಹತ್ತ ಮಂದಿ ನೋಡ್ರಿ. ನಮ್ಮ ಕಡಿಂದ ನಾಕು, ನಿಮ್ಮ ಕಡಿಂದ ಆರು" ಅಂದರು. ಶೋಭಾ ನನ್ನ ಕೈಯನ್ನು ತನ್ನ ಹೊಟ್ಟೆಯ ಮೇಲೆ ಇಟ್ಟುಕೊಂಡು, "ಇದನ್ನ ಮುಟ್ಟಿ ಹೇಳು" ಅಂದಳು. ಮುಟ್ಟಿ ಹೇಳಿದೆ. ಒಳಗಿನದು ಒದೆಯಿತು. ಅದಕ್ಕೆ ಆಗಲೇ ನನ್ನ ಮೇಲೆ ನಂಬಿಕೆ ಇದ್ದಂತಿರಲಿಲ್ಲ.

ಸಂಜೆ ಪಾತ್ರೆ ತೊಳೆಯುತ್ತ ಗಂಗವ್ವ ಕೇಳಿದಳು. "ಅತ್ಯಾರ, ಹತ್ತ ಮಂದಿ ಅಂತ ಮಾತ ಕೊಟ್ರಿ. ಮತ್ತ ಮಂದಿ ಹೋಗೂ ಮುಂದ ಹಿತ್ತಲ ಬಾಗಲದಾಗ ನಿಂತು ಎಲ್ಲಾರಿಗೂ 'ತೊಟ್ಟಿಲಕ್ಕೂ ಬರಬೇಕ ನೋಡ್ರಿ' ಅಂದ್ರಲ್ಲ?"

"ಎಲ್ಲಾರಿಗೂ ಅಂದೆನೇನ?"

"ನೀಲವ್ವಗ ಎರಡ ಸಲ ಅಂದ್ರಿ."

ಕರೆಯುವುದಕ್ಕೆ ನಮ್ಮಲ್ಲಿ ಕುಂಕುಮ ಇದೆ, ಅಕ್ಕಿಕಾಳು ಇದೆ, ಹಾಡು ಕೂಡ ಇದೆ. ಕರೆದವರನ್ನು ಬರಬೇಡಿ ಅನ್ನುವುದಕ್ಕೆ ಹಿರಿಯರು ಏನೂ ಇಟ್ಟು ಹೋಗಿಲ್ಲ. ಹಂಗಂತ ಹೊಟ್ಟೆ ಮುಟ್ಟಿ ಕೊಟ್ಟ ಮಾತು ಬಿಡಲು ಬರುತ್ತದೆಯೇ?

ಮರುದಿನ ಮುಂಜಾನೆ ಜಳಕ ಮಾಡಿ, ಸೆರಗು ಹೊದ್ದುಕೊಂಡು, ಬರಿಗೈಯಲ್ಲಿ ನೀಲವ್ವನ ಬಾಗಿಲು ಬಡಿದೆ. "ನೀಲವ್ವ, ನೀ ತೊಟ್ಟಿಲಕ್ಕ ಬರಬ್ಯಾಡ" ಅಂದೆ.

"ಅಯ್ಯ ನಮ್ಮವ್ವ! ಕೂಸ ಇನ್ನೂ ಹುಟ್ಟಿಲ್ಲ, ಆಗಲೇ ಬಾಗಲಾ ಹಾಕಿದಿ?"

ಜನಭೀತಿ ಅಂದರೆ ಏನು, ಏನು ಅಲ್ಲ ಅನ್ನುವುದನ್ನು ಮಾಸ್ತರ ಹೇಳಿದ ಹಾಗೇ ಬಿಡಿಸಿ ಹೇಳಿದೆ. ನೀಲವ್ವ ಚಹಾ ಸೋಸುವುದನ್ನು ನಿಲ್ಲಿಸಿದಳು. "ಇದಕ್ಕೊಂದ ಹೆಸರೈತೇನು? ಸೂಡಿ ಊರಾಗ ನಮ್ಮ ಅತ್ತಿ ಒಬ್ಬಾಕಿ ಯಾರ ಆರತಿಗೂ ಬರತಿದ್ದಿಲ್ಲ. ನಾವೆಲ್ಲಾ ಸೊಕ್ಕಿನಾಕಿ ಅಂತಿದ್ವಿ" ಅಂದಳು. ಆಮೇಲೆ ಸೆರಗು ಸಿಕ್ಕಿಸಿಕೊಂಡು ಎದ್ದಳು. "ನಡಿ, ನಾನೂ ಬರತೇನಿ. ನೀ ಒಬ್ಬಾಕೇ ಹೋದ್ರ ಜಗಳಾ ಹಚ್ಚಿ ಬರತಿ."

ಎರಡನೇ ಮನೆಯಾಕೆಗೂ ಸಂಗತಿ ತಿಳಿದು ಮರುಕವಾಯಿತು, ಆಕೆಯೂ ಜೊತೆಗೆ ಬಂದಳು. ಮೂರನೇ ಮನೆಯಲ್ಲಿ ಅತ್ತೆ ಸೊಸೆ ಇಬ್ಬರೂ ಬಂದರು. ಓಣಿಯ ಮಗ್ಗಗಳು ಒಂದೊಂದಾಗಿ ನಿಂತವು. ಕೊನೆಯ ಮನೆ ಮುಗಿಸಿ ತಿರುಗಿದಾಗ ನನ್ನ ಹಿಂದೆ ಮೂವತ್ತಕ್ಕೆ ಕಡಿಮೆ ಇರಲಿಲ್ಲ. ಎಲ್ಲರಿಗೂ ಶೋಭಾಳನ್ನು ಕಂಡು, "ನೀ ಏನೂ ಅಂಜಬ್ಯಾಡವಾ, ನಾವು ಬರೂದಿಲ್ಲ" ಅಂತ ತಾವೇ ಬಾಯಿಬಿಟ್ಟು ಹೇಳಬೇಕಿತ್ತು.

ನಮ್ಮ ಮನೆಯ ಕಿಟಕಿಯಲ್ಲಿ ಶೋಭಾಳ ಮುಖ ಕಂಡಿತು. ಕಣ್ಣು ನನ್ನ ಮೇಲಿಂದ ಹಿಂದಕ್ಕೆ, ಹಿಂದಿನಿಂದ ಇನ್ನೂ ಹಿಂದಕ್ಕೆ ಹೋಯಿತು.

"ಆಯಿ, ಇವರೆಲ್ಲಾ ಯಾಕ ಬಂದಾರ?"

"ಬಾಗಲಾ ತಗಿಯವ್ವಾ" ಅಂದೆ. "ಬರೂದಿಲ್ಲ ಅಂತ ಹೇಳಾಕ ಬಂದಾರ."

ಒಳಗಿನಿಂದ ಚಿಲಕ ಹಾಕಿದ ಸಪ್ಪಳ ಕೇಳಿತು. ಅವರ ಜೊತೆ ನಾನೂ ಹೊರಗೇ ಉಳಿದೆ.